‘ಚೋಮನ ದುಡಿ’ ನೋಡಿದ ಮೇಲೆ ಎದ್ದ ಪ್ರಶ್ನೆ: ಬಿ.ವಿ. ಕಾರಂತರದ್ದು ಜಾನಪದ ಸಂಗೀತವೇ?

ಗುಬ್ಬಿಗೇಟ್:
ಎಲ್ಲರಿಗೂ ನಮಸ್ಕಾರ. ತುಮಕೂರಿನಲ್ಲಿ ನಾವೊಂದಿಷ್ಟು ಜನ ತಿಂಗಳಿಗೊಮ್ಮೆ ಹಳೆ ಕನ್ನಡ ಸಿನಿಮಾ ಹಾಕಿಕೊಂಡು ನೋಡುತ್ತೇವೆ. ದೊಡ್ಡ ಸಂಘ ಏನಲ್ಲ. ಗೆಳೆಯರ ಮನೆ ಮಹಡಿ, ಒಂದು ಪ್ರೊಜೆಕ್ಟರ್, ಇಪ್ಪತ್ತು ಕುರ್ಚಿ. ಹೋದ ಭಾನುವಾರ ‘ಚೋಮನ ದುಡಿ’ ನೋಡಿದೆವು. 1975ರ ಚಿತ್ರ. ಕಾದಂಬರಿ ಶಿವರಾಮ ಕಾರಂತರದ್ದು. ನಿರ್ದೇಶನ, ಸಂಗೀತ ಎರಡೂ ಬಿ.ವಿ. ಕಾರಂತರದ್ದು.

ಮುಗಿದ ಮೇಲೆ ಪಿಯುಸಿ ಓದುವ ಹುಡುಗಿಯೊಬ್ಬಳು ಕೇಳಿದಳು, “ಅಂಕಲ್, ಇದರಲ್ಲಿ ಸಂಗೀತ ನಿರ್ದೇಶಕರ ಕೆಲಸ ಏನಿದೆ? ದುಡಿ ಬಾರಿಸಿದ್ದು ತಾನೇ?” ನನಗೆ ತಕ್ಷಣ ಉತ್ತರ ಹೊಳೆಯಲಿಲ್ಲ. “ಜಾನಪದ ಸಂಗೀತ ಕಣಮ್ಮ” ಅಂದೆ. ಅದಕ್ಕೆ ಪಕ್ಕದಲ್ಲಿದ್ದ ಹಿರಿಯರು “ಇದು ಜಾನಪದ ಅಲ್ಲ, ಇದು ನಾಟಕದವರ ಸಂಗೀತ” ಅಂದರು. ಅಲ್ಲಿಂದ ಶುರುವಾದ ಜಗಳ ರಾತ್ರಿ ಹತ್ತೂವರೆವರೆಗೆ ನಡೆಯಿತು.

ಮುಂದಿನ ತಿಂಗಳು ಕಾರಂತರ ಸಿನಿಮಾ ಸಂಗೀತದ ಬಗ್ಗೆಯೇ ಒಂದು ಸಂಜೆ ಮಾಡೋಣ ಎಂದಿದ್ದೇವೆ. ಅದಕ್ಕೆ ಮುಂಚೆ ನಿಮ್ಮೆಲ್ಲರ ಮಾತು ಕೇಳಬೇಕು. ಅವರನ್ನು ಜಾನಪದ ಸಂಗೀತಗಾರ ಎಂದು ಕರೆಯುವುದು ಸರಿಯೇ?

ತಿಪಟೂರು ತೆಂಗು:
ಸರಿ ಇಲ್ಲ. ಜಾನಪದ ಎಂದರೆ ಜನರ ಬಾಯಲ್ಲಿ ಇರಬೇಕು. ಕಾರಂತರ ಯಾವ ಸಿನಿಮಾ ಹಾಡನ್ನು ನಮ್ಮೂರಿನವರು ಗುನುಗುತ್ತಾರೆ? ಹಂಸಲೇಖ ಅವರನ್ನು ತೆಗೆದುಕೊಳ್ಳಿ. ಹಳ್ಳಿ ಆರ್ಕೆಸ್ಟ್ರಾ, ಗಣಪತಿ ಪೆಂಡಾಲು, ಮದುವೆ ಮನೆ, ಎಲ್ಲಿ ಹೋದರೂ ಅವರೇ. ‘ಜನುಮದ ಜೋಡಿ’ ಒಂದೇ ಸಾಕು.

ಮಧುಗಿರಿ ಏಕಶಿಲೆ:
ಅಣ್ಣ, ‘ಜನುಮದ ಜೋಡಿ’ ಹಂಸಲೇಖ ಅವರದ್ದಲ್ಲ. ವಿ. ಮನೋಹರ್ ಅವರದ್ದು, 1996. ಈ ತಪ್ಪು ತುಂಬಾ ಜನ ಮಾಡುತ್ತಾರೆ. ಅಂದಹಾಗೆ ಮನೋಹರ್ ವಿಟ್ಲದವರು, ಬಿ.ವಿ. ಕಾರಂತರು ಮಂಚಿಯವರು. ಎರಡೂ ಬಂಟ್ವಾಳ ತಾಲ್ಲೂಕು. ಅಷ್ಟು ಸಣ್ಣ ಜಾಗದಿಂದ ಇಬ್ಬರು!

ತಿಪಟೂರು ತೆಂಗು:
ಹೌದು, ತಪ್ಪಾಯಿತು. ಆದರೆ ನನ್ನ ಮಾತು ಹಾಗೇ ಇದೆ. ಮನೋಹರ್ ಹೆಸರು ಹಾಕಿಕೊಂಡು ಓದಿ.

ರಂಗದ ಹುಚ್ಚು:
ಗುಬ್ಬಿಗೇಟ್ ಅವರೇ, ತುಮಕೂರಿನಲ್ಲಿ ಕೂತು ಕಾರಂತರ ಬಗ್ಗೆ ಮಾತಾಡುವಾಗ ಗುಬ್ಬಿ ಕಂಪನಿ ಬಿಟ್ಟರೆ ಹೇಗೆ? ಹುಡುಗನಾಗಿದ್ದಾಗಲೇ ಮನೆ ಬಿಟ್ಟು ಬಂದು ಸೇರಿದ್ದು ಗುಬ್ಬಿ ವೀರಣ್ಣನವರ ಕಂಪನಿಗೆ. ರಾಜ್‌ಕುಮಾರ್ ಅವರೂ ಅದೇ ಕಂಪನಿಯಲ್ಲಿ ಬೆಳೆದವರು. ಆಮೇಲೆ ಕಾರಂತರನ್ನು ಓದಲು ಬನಾರಸ್ಸಿಗೆ ಕಳಿಸಿದ್ದೂ ವೀರಣ್ಣನವರೇ. ಅಲ್ಲಿ ಹಿಂದಿ ಎಂ.ಎ. ಜೊತೆಗೆ ಓಂಕಾರನಾಥ ಠಾಕೂರರ ಹತ್ತಿರ ಹಿಂದೂಸ್ತಾನಿ ಸಂಗೀತ ಕಲಿತರು. 1962ರಲ್ಲಿ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಿಂದ ಹೊರಬಂದರು. ಮುಂದೆ ಅದೇ ಶಾಲೆಗೆ ನಿರ್ದೇಶಕರಾದರು.

ಇಷ್ಟೆಲ್ಲಾ ಒಬ್ಬನ ಕಿವಿಯೊಳಗೆ ಹೋಗಿದೆ. ಹುಟ್ಟಿದ ಊರಿನ ಯಕ್ಷಗಾನದ ಚೆಂಡೆ, ಕಂಪನಿ ನಾಟಕದ ಹಾರ್ಮೋನಿಯಂ, ಬನಾರಸ್ಸಿನ ರಾಗ. ಹಾಗಿರುವಾಗ ಜಾನಪದ ಹೌದೋ ಅಲ್ಲವೋ ಎಂದು ಒಂದೇ ಮಾತಲ್ಲಿ ಹೇಳಲು ಬರುವುದಿಲ್ಲ.

ಗುಬ್ಬಿಗೇಟ್:
ಇದೇ ನೋಡಿ ನನಗೆ ಬೇಕಾಗಿದ್ದು. ನಮ್ಮ ಜಿಲ್ಲೆಯ ಅನ್ನ ಅವರ ಸಂಗೀತದಲ್ಲಿ ಇದೆ ಎನ್ನಬಹುದು ಅಲ್ವಾ?

ಮಧುಗಿರಿ ಏಕಶಿಲೆ:
ಅನ್ನ ಇದೆ, ಆದರೆ ಮಣ್ಣು ಇದೆ ಎನ್ನಲು ಆಗುವುದಿಲ್ಲ. ವೀರಣ್ಣನವರ ಕಂಪನಿ 1884ರಲ್ಲಿ ಗುಬ್ಬಿಯಲ್ಲಿ ಹುಟ್ಟಿದ್ದು ನಿಜ. ಆದರೆ ಕಂಪನಿ ಊರೂರು ಕ್ಯಾಂಪ್ ಹಾಕುತ್ತಿತ್ತು. ಅಲ್ಲಿ ಹಾಡುತ್ತಿದ್ದದ್ದು ರಂಗಗೀತೆ. ಶಿರಾದ ಗೊಲ್ಲರಹಟ್ಟಿ ಪದ ಅಲ್ಲ. ನಮ್ಮ ಜಿಲ್ಲೆಯ ಹೆಮ್ಮೆ ಇರಲಿ, ಆದರೆ ಎರಡನ್ನೂ ಕಲಸುವುದು ಬೇಡ.

ಚಿಂತಾಮಣಿ 89:
‘ಚೋಮನ ದುಡಿ’ಗೆ ಸಂಗೀತಕ್ಕೆ ರಾಷ್ಟ್ರಪ್ರಶಸ್ತಿ ಬಂದಿತ್ತು. ದೆಹಲಿಯವರೇ ಒಪ್ಪಿದ ಮೇಲೆ ಇನ್ನೇನು ಚರ್ಚೆ?

ಮಧುಗಿರಿ ಏಕಶಿಲೆ:
ಅದಕ್ಕೆ ಬಂದಿದ್ದು ಅತ್ಯುತ್ತಮ ಚಿತ್ರ, ಸ್ವರ್ಣಕಮಲ. ಚೋಮನ ಪಾತ್ರ ಮಾಡಿದ ವಾಸುದೇವರಾಯರಿಗೆ ಅತ್ಯುತ್ತಮ ನಟ ಪ್ರಶಸ್ತಿ. ಸಂಗೀತಕ್ಕೆ ಕಾರಂತರಿಗೆ ಬಂದಿದ್ದು ಆಮೇಲೆ. 1976ರ ‘ಋಷ್ಯಶೃಂಗ’, 1977ರ ‘ಘಟಶ್ರಾದ್ಧ’. ಸಾಲಾಗಿ ಎರಡು ವರ್ಷ.

ಚಿಂತಾಮಣಿ 89:
ಸರಿ ಸಾರ್. ಎರಡು ಬಂದಿದೆ ಎಂದರೆ ಇನ್ನೂ ಒಳ್ಳೆಯದೇ ಆಯಿತು.

ಶಿರಾ ಸೀಮೆ:
ನಾನು ಸ್ವಲ್ಪ ಉದ್ದ ಬರೆಯುತ್ತೇನೆ, ಬೇಜಾರು ಮಾಡಿಕೊಳ್ಳಬೇಡಿ.

ನಮ್ಮಜ್ಜಿ ರಾಗಿ ಬೀಸುವ ಪದ ಹಾಡುತ್ತಿದ್ದರು. ನಾನು ಡಿಗ್ರಿಯಲ್ಲಿದ್ದಾಗ ಪ್ರಾಜೆಕ್ಟಿಗೆ ಅಂತ ಒಂದು ಟೇಪ್ ರೆಕಾರ್ಡರ್ ತಗೊಂಡು ಹೋದೆ. ಜಗುಲಿ ಮೇಲೆ ಕೂರಿಸಿ “ಹಾಡಜ್ಜಿ” ಅಂದೆ. ಎರಡು ಸಾಲು ಹಾಡಿ ನಿಲ್ಲಿಸಿದರು. “ಬರ್ತಾ ಇಲ್ಲ ಕಣೇ” ಅಂದರು. ಮರೆತುಹೋಗಿದೆ ಅಂದುಕೊಂಡೆ. ಆದರೆ ಅವರ ಬಲಗೈ ತೊಡೆ ಪಕ್ಕದಲ್ಲಿ ಸುಮ್ನೆ ಸುತ್ತುತ್ತಾ ಇತ್ತು. ಆಮೇಲೆ ಹಿತ್ತಲಲ್ಲಿ ಬಿದ್ದಿದ್ದ ಬೀಸುವ ಕಲ್ಲನ್ನು ಮಾವ ಎತ್ತಿ ತಂದು ಇಟ್ಟರು. ಒಂದು ಹಿಡಿ ರಾಗಿ ಹಾಕಿದೆವು. ಕಲ್ಲು ಗರ್ ಅಂದಿದ್ದೇ ತಡ, ಅಜ್ಜಿ ಮುಕ್ಕಾಲು ಗಂಟೆ ನಿಲ್ಲಿಸದೆ ಹಾಡಿದರು.

ಆ ಪದಕ್ಕೆ ತಾಳ ಆ ಕಲ್ಲಿನದ್ದು. ಕಲ್ಲು ಒಂದು ಸುತ್ತು ಬರುವಷ್ಟು ಹೊತ್ತೇ ಅಜ್ಜಿಗೆ ಒಂದು ಸಾಲು. ರಾಗಿ ಖಾಲಿಯಾದರೆ ಕಲ್ಲಿನ ದನಿ ಬದಲಾಗುತ್ತದೆ, ಹಾಡಿನ ದನಿಯೂ ಬದಲಾಗುತ್ತದೆ. ಅದೇ ಪದವನ್ನು ಈಗ ಸಿನಿಮಾದಲ್ಲಿ ಕೀಬೋರ್ಡು, ಡ್ರಮ್ಮು ಹಾಕಿ ಹಾಡಿಸುತ್ತಾರೆ. ಮಾತು ಅದೇ, ಮಟ್ಟು ಅದೇ. ಆದರೆ ಕಲ್ಲು ಇಲ್ಲ.

ಕಾರಂತರು ಮಾಡಿದ್ದು ತಿರುಗಾಮುರುಗಾ ಅಂತ ನನಗೆ ಅನ್ನಿಸುತ್ತದೆ. ಅವರು ಕಲ್ಲನ್ನು ಇಟ್ಟುಕೊಂಡರು. ಚೋಮನಿಗೆ ಹೊಲ ಇಲ್ಲ, ಸಾಲ ತೀರುವುದಿಲ್ಲ, ಮಕ್ಕಳು ಒಬ್ಬೊಬ್ಬರಾಗಿ ಕೈಬಿಟ್ಟು ಹೋಗುತ್ತಾರೆ. ಅವನಿಗೆ ಹೇಳಿಕೊಳ್ಳಲು ಮಾತಿಲ್ಲ, ದುಡಿ ಇದೆ. ಆ ದುಡಿಯ ಮೇಲೆ ಪಿಟೀಲು ಗುಂಪು ತಂದು ಸುರಿದಿದ್ದರೆ ಏನಾಗುತ್ತಿತ್ತು ಯೋಚಿಸಿ. ಆ ಹುಡುಗಿಗೆ ಇದನ್ನು ಹೇಳಿ. ಎಲ್ಲಿ ಬಾರಿಸಬೇಕು, ಎಲ್ಲಿ ಸುಮ್ಮನಿರಬೇಕು ಅಂತ ಗೊತ್ತುಮಾಡುವುದೇ ಸಂಗೀತ ನಿರ್ದೇಶಕರ ಕೆಲಸ.

ಪಿಯುಸಿ ಹುಡುಗಿ:
ಆ ಪ್ರಶ್ನೆ ಕೇಳಿದ್ದು ನಾನೇ. ಅಂಕಲ್ ಲಿಂಕ್ ಕಳಿಸಿದರು. ಅಕ್ಕ, ನೀವು ಬರೆದಿದ್ದು ಓದಿದ ಮೇಲೆ ಕೊನೆಯ ಭಾಗ ಇನ್ನೊಂದು ಸಲ ನೋಡಿದೆ. ಮೊದಲ ಸಲ ನೋಡುವಾಗ ಚೋಮ ಯಾವಾಗ ಬಾರಿಸುವುದನ್ನು ನಿಲ್ಲಿಸುತ್ತಾನೆ ಅಂತ ಗಮನ ಕೊಟ್ಟಿರಲಿಲ್ಲ. ಆ ರೆಕಾರ್ಡಿಂಗ್ ನಿಮ್ಮ ಹತ್ತಿರ ಇನ್ನೂ ಇದೆಯಾ?

ಶಿರಾ ಸೀಮೆ:
ಇದೆ ಪುಟ್ಟ. ಕ್ಯಾಸೆಟ್‌ನಲ್ಲಿ ಇದೆ. ಮೊಬೈಲಿಗೆ ಹಾಕಿಸಬೇಕು.

ಗುಬ್ಬಿಗೇಟ್:
ಅಕ್ಕ, ದಯವಿಟ್ಟು ಈ ವಾರವೇ ಹಾಕಿಸಿ. ಕ್ಯಾಸೆಟ್ ಪಟ್ಟಿ ಅಂಟಿಕೊಂಡರೆ ಹೋಯಿತು. ನನ್ನ ಹತ್ತಿರ ಚೆನ್ನಾಗಿ ಓಡುವ ಡೆಕ್ ಇದೆ. ಶಿರಾಕ್ಕೆ ನಾನೇ ಬರುತ್ತೇನೆ.

ತಿಪಟೂರು ತೆಂಗು:
ಶಿರಾ ಅಕ್ಕ ಬರೆದಿದ್ದು ಮನಸ್ಸಿಗೆ ತಟ್ಟಿತು. ಆದರೂ ಒಂದು ಮಾತು. ಹಂಸಲೇಖ ಅವರು ಕಲ್ಲು ತೆಗೆದರು ಎಂಬ ಹಾಗೆ ಯಾರೂ ಓದಬಾರದು. 1987ರಲ್ಲಿ ‘ಪ್ರೇಮಲೋಕ’ ಬಂದಾಗ ನಾನು ಆರನೇ ಕ್ಲಾಸು. ಆ ಹಾಡುಗಳಲ್ಲಿ ಇದ್ದದ್ದು ನಾವು ಮನೆಯಲ್ಲಿ, ಬಸ್‌ಸ್ಟ್ಯಾಂಡಿನಲ್ಲಿ ಆಡುವ ಮಾತು. ಒಬ್ಬರು ಕೇಳುತ್ತಾರೆ, ಇನ್ನೊಬ್ಬರು ಹೇಳುತ್ತಾರೆ. ನಮ್ಮ ಕಡೆ ಲಾವಣಿಯಲ್ಲಿ ಸವಾಲು ಜವಾಬು ಇರುವುದೂ ಹೀಗೇ ಅಲ್ವಾ? ವಾದ್ಯ ಹೊಸದು ಇರಬಹುದು, ಮಾತಿನ ನಡೆ ಹಳ್ಳಿಯದು. ಸಾಹಿತ್ಯವನ್ನೂ ತಾವೇ ಬರೆದರು. ಅದಕ್ಕೇ ಮಾತು, ಮಟ್ಟು ಎರಡೂ ಒಟ್ಟಿಗೆ ಹುಟ್ಟಿದ ಹಾಗೆ ಇರುತ್ತವೆ. ರಾಷ್ಟ್ರಪ್ರಶಸ್ತಿ ಅವರಿಗೂ ಬಂದಿದೆ, ‘ಗಾನಯೋಗಿ ಪಂಚಾಕ್ಷರಿ ಗವಾಯಿ’ಗೆ.

ರಂಗದ ಹುಚ್ಚು:
ಲಾವಣಿ ಮಾತು ಒಪ್ಪುತ್ತೇನೆ. ಇದನ್ನು ನಾನು ಯೋಚಿಸಿರಲಿಲ್ಲ.

ಕೈವಾರದ ದಾರಿ:
ಸಿ. ಅಶ್ವತ್ಥ್ ಹೆಸರು ಇನ್ನೂ ಯಾಕೆ ಬಂದಿಲ್ಲ? 1997ರ ‘ನಾಗಮಂಡಲ’ ಕೇಳಿ. ಉತ್ತರ ಕರ್ನಾಟಕದ ಮಾತು, ಅಲ್ಲಿನ ಮಟ್ಟು. ಶರೀಫರ ತತ್ವಪದ ನಮ್ಮ ಕಡೆ ಮನೆಮನೆಗೆ ಬಂದಿದ್ದು ಅವರ ಗಂಟಲಿನಿಂದ. ನಮ್ಮ ಕೈವಾರ ತಾತಯ್ಯನವರ ಪದಗಳಿಗೂ ಅಂಥ ಒಬ್ಬರು ಸಿಕ್ಕಿದ್ದರೆ ಎಂದು ನನಗೆ ಯಾವಾಗಲೂ ಆಸೆ. ತೆಲುಗಿನಲ್ಲೂ ಇವೆ, ಕನ್ನಡದಲ್ಲೂ ಇವೆ. ನಮ್ಮ ಕೋಲಾರ, ಚಿಕ್ಕಬಳ್ಳಾಪುರ ಕಡೆ ಭಜನೆ ಮನೆಗಳಲ್ಲಿ ಎರಡೂ ಭಾಷೆ ಒಟ್ಟಿಗೇ ಓಡುತ್ತವೆ. ಸಿನಿಮಾದವರಿಗೆ ಜಾನಪದ ಎಂದರೆ ಒಂದೋ ಮಾದಪ್ಪನ ಬೆಟ್ಟ, ಇಲ್ಲಾ ಧಾರವಾಡ. ನಮ್ಮ ಬಯಲುಸೀಮೆ ಪೂರ್ವದ ಕಡೆ ಯಾರೂ ತಿರುಗಿ ನೋಡಿಲ್ಲ.

ಚಿಂತಾಮಣಿ 89:
ನೂರಕ್ಕೆ ನೂರು ನಿಜ.

ಹಲಗೆ ಸದ್ದು:
ತಿರುಗಿ ನೋಡಿದ್ದಾರೆ. ನನ್ನ ಅನುಭವ ಹೇಳುತ್ತೇನೆ. ನಾನು ಮುಳಬಾಗಿಲು ಕಡೆಯವನು. ಮೂರು ತಲೆಮಾರಿನಿಂದ ನಮ್ಮದು ತಮಟೆ.

ಸುಮಾರು ಹತ್ತು ವರ್ಷದ ಹಿಂದೆ ಬೆಂಗಳೂರಿನ ಒಂದು ಸ್ಟುಡಿಯೋದಿಂದ ಕರೆ ಬಂತು. ಹೆಸರು ಬೇಡ. ನಾವು ನಾಲ್ಕು ಜನ ಬೆಳಗಿನ ಮೊದಲ ಬಸ್ಸಿಗೆ ಹೊರಟೆವು. ಜಾತ್ರೆ ಹಾಡಿಗೆ ತಮಟೆ ಬೇಕು ಅಂದಿದ್ದರು. ಒಳಗೆ ಹೋದರೆ ಎಸಿ, ಮಂಜಿನ ಹಾಗೆ ತಣ್ಣಗೆ. ತಮಟೆ ಚರ್ಮ ತಣ್ಣಗಾದರೆ ಸಡಿಲ ಬೀಳುತ್ತದೆ. ಬೆಂಕಿಗೆ ಕಾಯಿಸಿದರೆ ಮಾತ್ರ ಬಿಗಿಯಾಗಿ ಮಾತಾಡುತ್ತದೆ. “ಸಾರ್, ಹೊರಗೆ ಒಂದಿಷ್ಟು ಹುಲ್ಲು ಹಚ್ಚಿ ಕಾಯಿಸಿಕೊಳ್ಳುತ್ತೇವೆ” ಅಂದೆವು. ಕಾವಲಿನವರು ಬಿಡಲಿಲ್ಲ. ಒಳಗಿನವರೊಬ್ಬರು ಕೂದಲು ಒಣಗಿಸುವ ಮಷಿನ್ ತಂದುಕೊಟ್ಟರು. ಪಾಪ, ಒಳ್ಳೆಯ ಮನಸ್ಸಿನಿಂದಲೇ ಕೊಟ್ಟರು. ಅದರಲ್ಲಿ ಒಂದು ತಮಟೆ ಕಾಯಿಸುವ ಹೊತ್ತಿಗೆ ಇನ್ನೊಂದು ಆರಿಹೋಗುತ್ತಿತ್ತು.

ಆಮೇಲೆ ಕಿವಿಗೆ ಹೆಡ್‌ಫೋನು. ಅದರಲ್ಲಿ ಟಿಕ್ ಟಿಕ್ ಅಂತ ಬರುತ್ತದೆ, ಅದಕ್ಕೇ ಸರಿಯಾಗಿ ಬಾರಿಸಬೇಕು. ನಾವು ಬಾರಿಸುವುದು ಕುಣಿಯುವವನ ಕಾಲು ನೋಡಿಕೊಂಡು. ಅವನು ಎಗರಿದರೆ ನಾವೂ ಏರುತ್ತೇವೆ, ಅವನಿಗೆ ದಮ್ಮು ಕಟ್ಟಿದರೆ ನಾವೂ ಇಳಿಯುತ್ತೇವೆ. ಅಲ್ಲಿ ಕುಣಿಯುವವರೂ ಇಲ್ಲ, ದೇವರೂ ಇಲ್ಲ, ಬರೀ ಗೋಡೆ. ಎರಡು ಗಂಟೆ ಒದ್ದಾಡಿದೆವು. ಕೊಡಬೇಕಾದ ದುಡ್ಡು ಸರಿಯಾಗಿ ಕೊಟ್ಟರು, ಅದರಲ್ಲಿ ತಕರಾರಿಲ್ಲ. ಸಿನಿಮಾ ಬಂದಾಗ ಊರಿನವರನ್ನೆಲ್ಲಾ ಕರೆದುಕೊಂಡು ಕೋಲಾರಕ್ಕೆ ಹೋಗಿ ನೋಡಿದೆ. ಅದರಲ್ಲಿ ಇದ್ದದ್ದು ನಮ್ಮ ತಮಟೆಯೋ ಕಂಪ್ಯೂಟರ್ ತಮಟೆಯೋ ನನಗೇ ಗೊತ್ತಾಗಲಿಲ್ಲ. ಹೆಸರಿನ ಪಟ್ಟಿಯಲ್ಲಿ ನಾವು ಇರಲಿಲ್ಲ. ಅಪ್ಪ ಕೊನೆಯವರೆಗೆ ಕೂತು ಆ ಪಟ್ಟಿ ಪೂರ್ತಿ ನೋಡಿದರು.

ಜಾನಪದದಿಂದ ಸ್ಫೂರ್ತಿ ಎನ್ನುತ್ತಾರಲ್ಲ, ಅದು ಮಟ್ಟು ತಗೊಂಡು ಹೋಗುವುದೋ, ಬಾರಿಸುವವನನ್ನು ಜೊತೆಗೆ ಕರೆದುಕೊಂಡು ಹೋಗುವುದೋ? ನನಗೆ ಇದೊಂದೇ ಪ್ರಶ್ನೆ.

ಗುಬ್ಬಿಗೇಟ್:
ಅಣ್ಣ, ನಿಮ್ಮ ಅಪ್ಪನವರು ಪಟ್ಟಿ ನೋಡಿದ ಮಾತು ಓದಿ ತುಂಬಾ ಸಂಕಟವಾಯಿತು.

ಕೀಬೋರ್ಡ್ ಕೈ:
ನಾನು ರೆಕಾರ್ಡಿಂಗ್ ಕೆಲಸದಲ್ಲಿ ಇದ್ದವನು, ಊರು ಗೌರಿಬಿದನೂರು. ಆ ಕಡೆಯ ಕಷ್ಟವನ್ನೂ ಹೇಳಬೇಕು. ಟಿಕ್ ಟಿಕ್ ಇಲ್ಲದಿದ್ದರೆ ಇವತ್ತು ಬಾರಿಸಿದ ತಮಟೆಗೆ ನಾಳೆ ಕೊಳಲು, ನಾಡಿದ್ದು ಗಾಯಕರ ದನಿ ಸೇರಿಸಲು ಆಗುವುದಿಲ್ಲ. ಈಗ ಎಲ್ಲರೂ ಒಟ್ಟಿಗೆ ಕೂರುವುದೇ ಇಲ್ಲ. ಹಿಂದೆ ದೊಡ್ಡ ಹಾಲ್‌ನಲ್ಲಿ ಹಾಡುವವರು, ಬಾರಿಸುವವರು ಎಲ್ಲರೂ ಒಂದೇ ಸಲಕ್ಕೆ ರೆಕಾರ್ಡ್ ಮಾಡುತ್ತಿದ್ದರು. ಒಬ್ಬರು ತಪ್ಪಿದರೆ ಎಲ್ಲರೂ ಮೊದಲಿನಿಂದ. ಆಗ ಒಬ್ಬರ ಮುಖ ಇನ್ನೊಬ್ಬರು ನೋಡಿಕೊಂಡು ಬಾರಿಸಬಹುದಿತ್ತು. ಇನ್ನೊಂದು ತೊಂದರೆ ಏನೆಂದರೆ, ತಮಟೆಯ ಪೆಟ್ಟು ತುಂಬಾ ಜೋರು. ಮೈಕ್ ಹತ್ತಿರ ಇಟ್ಟರೆ ಒಡೆಯುತ್ತದೆ, ದೂರ ಇಟ್ಟರೆ ಕೋಣೆಯ ಸದ್ದು ಸೇರುತ್ತದೆ.

ಆದರೆ ಹೆಸರು ಹಾಕದೇ ಇರುವುದಕ್ಕೆ ಇದು ಯಾವುದೂ ಕಾರಣ ಆಗುವುದಿಲ್ಲ. ಅದು ತಪ್ಪು.

ಹಲಗೆ ಸದ್ದು:
ಇದನ್ನು ಅವತ್ತು ಯಾರಾದರೂ ನಮಗೆ ಕೂರಿಸಿಕೊಂಡು ಹೇಳಿದ್ದರೆ ಚೆನ್ನಾಗಿರುತ್ತಿತ್ತು. ಥ್ಯಾಂಕ್ಸ್ ಅಣ್ಣ.

ಕೈವಾರದ ದಾರಿ:
ನಮ್ಮ ಚಿಕ್ಕಬಳ್ಳಾಪುರ ಜಿಲ್ಲೆಯ ಪಿಂಡಿಪಾಪನಹಳ್ಳಿ ಮುನಿವೆಂಕಟಪ್ಪನವರಿಗೆ 2023ರಲ್ಲಿ ಪದ್ಮಶ್ರೀ ಬಂತು, ತಮಟೆಗೇ. ಸಾವಿನ ಮನೆ ವಾದ್ಯ ಅಂತ ದೂರ ಇಟ್ಟಿದ್ದನ್ನು ಹಿಡಿದುಕೊಂಡು ಹೋಗಿ ರಾಷ್ಟ್ರಪತಿಗಳ ಕೈಯಿಂದ ಗೌರವ ಪಡೆದರು. ಸಿನಿಮಾದಲ್ಲಿ ಇವತ್ತಿಗೂ ತಮಟೆ ಬಂದರೆ ಒಂದೋ ಹೊಡೆದಾಟ, ಇಲ್ಲಾ ಹೆಣ, ಇಲ್ಲಾ ಕುಡಿದು ಕುಣಿಯುವುದು. ಅಮ್ಮ ಮಗುವನ್ನು ಮಲಗಿಸುವಾಗ ಮೆಲ್ಲಗೆ ತಮಟೆ ಕೇಳಿಸಿದ ಒಂದು ಸಿನಿಮಾ ಹೇಳಿ ನೋಡೋಣ.

ಹಲಗೆ ಸದ್ದು:
ಮೆಲ್ಲಗೆ ಬಾರಿಸುವುದೇ ಕಷ್ಟದ ಕೆಲಸ. ಎಡಗೈಯ ಸಣ್ಣ ಬಿದಿರು ಕಡ್ಡಿ ಒಂದರಲ್ಲೇ ಬಾರಿಸಬೇಕು. ಬಲಗೈ ದಪ್ಪ ಕೋಲು ಸುಮ್ಮನಿರಬೇಕು. ಅಪ್ಪ ಬಾರಿಸಿದರೆ ಮಳೆ ಶುರುವಾದ ಹಾಗೆ ಕೇಳುತ್ತಿತ್ತು.

ತಿಪಟೂರು ತೆಂಗು:
ಈಗ ಪ್ಲಾಸ್ಟಿಕ್ ತಮಟೆ ಬಂದಿದೆಯಲ್ಲ, ಅದನ್ನು ಕಾಯಿಸಬೇಕಾಗಿಲ್ಲ. ಅದು ಆಗುವುದಿಲ್ಲವಾ?

ಹಲಗೆ ಸದ್ದು:
ಮಳೆಗಾಲದ ಮೆರವಣಿಗೆಗೆ ಅದೇ ಗತಿ, ನಮ್ಮ ಹುಡುಗರೂ ಇಟ್ಟುಕೊಂಡಿದ್ದಾರೆ. ಜೋರು ಬರುತ್ತದೆ. ಮೆಲ್ಲಗೆ ಬಾರಿಸಿದರೆ ಬಕೆಟ್ ಸದ್ದು.

ರಂಗದ ಹುಚ್ಚು:
ಹಲಗೆ ಅಣ್ಣ ಕೇಳಿದ ಪ್ರಶ್ನೆಗೆ ಕಾರಂತರ ಕಡೆಯಿಂದ ನನಗೆ ತಿಳಿದಷ್ಟು ಹೇಳುತ್ತೇನೆ. ರಂಗಾಯಣದಲ್ಲಿ ಪಳಗಿದ ಮೇಷ್ಟ್ರೊಬ್ಬರು ನಮ್ಮ ಕಾಲೇಜಿನಲ್ಲಿ ನಾಟಕ ಮಾಡಿಸಲು ಬಂದಿದ್ದರು. ಮೈಸೂರಿನ ರಂಗಾಯಣವನ್ನು 1989ರಲ್ಲಿ ಕಟ್ಟಿದ್ದು ಕಾರಂತರು, ಗೊತ್ತಲ್ಲ. ಆ ಮೇಷ್ಟ್ರು ಮೊದಲ ದಿನವೇ “ಜೇಬಲ್ಲಿ ಇರುವುದನ್ನೆಲ್ಲಾ ನೆಲದ ಮೇಲೆ ಇಡಿ” ಅಂದರು. ಬೀಗದ ಕೈ, ಬಾಚಣಿಗೆ, ಬಸ್ ಪಾಸ್, ಚಿಲ್ಲರೆ. “ಇವತ್ತು ಇವೇ ವಾದ್ಯ” ಅಂದರು. ಸಂಜೆ ಹೊತ್ತಿಗೆ ಬಾಚಣಿಗೆಯ ಹಲ್ಲಿನಿಂದ ಜೀರುಂಡೆ, ಕಾಗದದಿಂದ ಗಾಳಿ, ಬೀಗದ ಕೈಯಿಂದ ಎತ್ತಿನ ಗೆಜ್ಜೆ ಬಂದಿತ್ತು. ಕಾರಂತರ ಜೊತೆ ಕೆಲಸ ಮಾಡಿದವರೆಲ್ಲಾ ಇದನ್ನೇ ಹೇಳುತ್ತಾರೆ. ಕಲ್ಲು, ಬಿದಿರು, ತಗಡು, ಕೈಗೆ ಸಿಕ್ಕಿದ್ದನ್ನು ಬಾರಿಸಿ ಕೇಳುತ್ತಿದ್ದರಂತೆ.

ಇದನ್ನು ಯಾಕೆ ಹೇಳಿದೆ ಎಂದರೆ, ಅವರ ಸಿನಿಮಾ ಸಂಗೀತವೂ ಅದೇ ಕಿವಿಯದ್ದು. ಮೊದಲು ಸದ್ದು, ಆಮೇಲೆ ಮಟ್ಟು. ಆ ಕಿವಿ ನಾಟಕದಲ್ಲಿ ತಯಾರಾಗಿದ್ದು. ನಾಟಕದಲ್ಲಿ ಬಾರಿಸುವವರು ಮೂಲೆಯಲ್ಲೇ ಕೂತು ನಟನ ಮುಖ ನೋಡಿಕೊಂಡು ಬಾರಿಸುತ್ತಾರೆ. ನೀವು ಕುಣಿಯುವವನ ಕಾಲು ನೋಡುತ್ತೀರಲ್ಲ, ಹಾಗೇ. ಅದಕ್ಕೇ ಬಂಗಾಳದ ಚಿತ್ರ ನಿರ್ದೇಶಕ ಮೃಣಾಲ್ ಸೇನ್ ಇವರನ್ನು ಕರೆಸಿಕೊಂಡರು ಅಂತ ನನಗೆ ಅನ್ನಿಸುತ್ತದೆ. 1979ರ ‘ಏಕ್ ದಿನ್ ಪ್ರತಿದಿನ್’, 1982ರ ‘ಖಾರಿಜ್’, ಎರಡಕ್ಕೂ ಸಂಗೀತ ಕಾರಂತರದ್ದು. ಕಲ್ಕತ್ತೆಯ ಬಾಡಿಗೆ ಮನೆಗಳ ಕತೆ. ಅಲ್ಲಿ ಯಕ್ಷಗಾನವೂ ಇಲ್ಲ, ದುಡಿಯೂ ಇಲ್ಲ.

ಮಧುಗಿರಿ ಏಕಶಿಲೆ:
ಇದು ಒಳ್ಳೆಯ ಸಾಕ್ಷಿ. ಹಾಗಾದರೆ ನಮ್ಮ ಹಿರಿಯರು “ನಾಟಕದವರ ಸಂಗೀತ” ಅಂದಿದ್ದು ತಪ್ಪಲ್ಲ. ಶಿರಾದವರು ಅಂದಿದ್ದೂ ತಪ್ಪಲ್ಲ. ನಾನು ಮೊದಲು ರಂಗಗೀತೆಯನ್ನೂ ಗೊಲ್ಲರ ಪದವನ್ನೂ ಬೇರೆ ಬೇರೆ ಇಟ್ಟೆನಲ್ಲ, ಹಾಡಿನ ಮಟ್ಟಿಗೆ ಅದು ಸರಿ. ಕೇಳುವ ರೀತಿಯ ಮಟ್ಟಿಗೆ ಅಷ್ಟು ದೂರ ಇಲ್ಲವೇನೋ.

ಶಿರಾ ಸೀಮೆ:
ಗೊಲ್ಲರ ಪದ ಎಂದಿರಲ್ಲ, ನಮ್ಮ ಕಡೆ ಗೊಲ್ಲರ ದೈವ ಜುಂಜಪ್ಪನ ಪದಕ್ಕೆ ಗಣೆ ಊದುತ್ತಾರೆ. ಉದ್ದನೆ ಬಿದಿರು ಕೊಳಲು. ಕಳುವರಹಳ್ಳಿಯ ಜುಂಜಪ್ಪನ ಗುಡ್ಡೆ ನೋಡದವರು ಒಮ್ಮೆ ಹೋಗಿ ಬನ್ನಿ. ಆ ಗಣೆಯ ದನಿಯಲ್ಲಿ ಊದುವವನ ಉಸಿರೂ ಕೇಳಿಸುತ್ತದೆ. ಸ್ಟುಡಿಯೋದಲ್ಲಿ ಮೊದಲು ಅಳಿಸಿ ಹಾಕುವುದು ಆ ಉಸಿರನ್ನೇ ಇರಬೇಕು.

ಕೀಬೋರ್ಡ್ ಕೈ:
ಹೌದು ಅಕ್ಕ. ನಾನೇ ಎಷ್ಟೋ ಸಲ ಅಳಿಸಿದ್ದೇನೆ. ಇನ್ನು ಮೇಲೆ ಯೋಚನೆ ಮಾಡುತ್ತೇನೆ.

ಚಿಂತಾಮಣಿ 89:
ಕೋಲಾರದ ತೇರಹಳ್ಳಿ ಬೆಟ್ಟದ ಆದಿಮ ಸಾಂಸ್ಕೃತಿಕ ಕೇಂದ್ರಕ್ಕೆ ಯಾರಾದರೂ ಹೋಗಿದ್ದೀರಾ? ಕೋಟಿಗಾನಹಳ್ಳಿ ರಾಮಯ್ಯನವರು ಕಟ್ಟಿದ್ದು. ಹುಣ್ಣಿಮೆ ಹಾಡು ಅಂತ ರಾತ್ರಿ ಬಯಲಲ್ಲಿ ಹಾಡು, ನಾಟಕ ಮಾಡುತ್ತಾರೆ. ನಾನು ಒಮ್ಮೆ ಹೋಗಿದ್ದೆ. ಬಂಡೆ ಮೇಲೆ ಕೂತು ತಮಟೆ ಕೇಳಿದರೆ ಸದ್ದು ಬೆಟ್ಟಕ್ಕೆ ಬಡಿದು ವಾಪಸ್ ಬರುತ್ತದೆ. ಮನೆಗೆ ಬಂದ ಮೇಲೂ ಕಿವಿಯಲ್ಲಿ ಇತ್ತು.

ತಿಪಟೂರು ತೆಂಗು:
ಗುಬ್ಬಿಗೇಟ್ ಅಣ್ಣ, ನಿಮ್ಮ ಸಂಜೆಗೆ ಕಾರಂತರ ಸಿನಿಮಾ ಒಂದೇ ಹಾಕಬೇಡಿ. ಹಂಸಲೇಖ, ಅಶ್ವತ್ಥ್, ಮನೋಹರ್ ಇವರದ್ದೂ ಒಂದೊಂದು ಹಾಡು ಕೇಳಿಸಿ. ಪಕ್ಕಪಕ್ಕ ಕೇಳಿದರೆ ಆ ಮಗುವಿಗೂ ಗೊತ್ತಾಗುತ್ತದೆ. ನಾನು ಕಾರಂತರನ್ನು ಸರಿಯಾಗಿ ಕೇಳಿಲ್ಲ, ಒಪ್ಪುತ್ತೇನೆ. ಬರುತ್ತೇನೆ.

ಗುಬ್ಬಿಗೇಟ್:
ಖಂಡಿತ. ಹೀಗೆ ಅಂದುಕೊಂಡಿದ್ದೇನೆ. ಮೊದಲು ಶಿರಾ ಅಕ್ಕನ ಅಜ್ಜಿಯ ಕ್ಯಾಸೆಟ್. ಆಮೇಲೆ ಮೂವರ ಹಾಡು ಒಂದೊಂದು. ಆಮೇಲೆ ‘ಘಟಶ್ರಾದ್ಧ’. 2024ರಲ್ಲಿ ಅದನ್ನು ಹೊಸದಾಗಿ ಸರಿಪಡಿಸಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಆ ಪ್ರತಿ ನಮಗೆ ಸಿಗದಿದ್ದರೆ ಹಳೆಯದ್ದೇ ಹಾಕೋಣ.

ಹಲಗೆ ಅಣ್ಣ, ಸಿನಿಮಾಕ್ಕೆ ಮುಂಚೆ ಅರ್ಧ ಗಂಟೆ ನೀವು ಬಾರಿಸಬೇಕು. ನಿಮ್ಮ ನಾಲ್ಕೂ ಜನರ ಹೆಸರು, ನಿಮ್ಮ ಅಪ್ಪನವರ ಹೆಸರು ಕಾರ್ಡಿನಲ್ಲಿ ಮೇಲೆಯೇ ಹಾಕುತ್ತೇವೆ. ಬಸ್ ಖರ್ಚು, ಸಂಭಾವನೆ ನಮ್ಮದು. ಉಳಿದುಕೊಳ್ಳಲು ನಮ್ಮ ಮನೆ ಇದೆ. ಬೆಳಗ್ಗೆ ಕ್ಯಾತ್ಸಂದ್ರದ ತಟ್ಟೆ ಇಡ್ಲಿ ತಿಂದುಕೊಂಡೇ ಹೋಗಬೇಕು.

ಹಲಗೆ ಸದ್ದು:
ಅಪ್ಪನಿಗೆ ಓದಿ ಹೇಳಿದೆ. ಅವರೂ ಬರುತ್ತಾರಂತೆ. ಬಾರಿಸಲು ಕೈ ನಡುಗುತ್ತದೆ, ಕೂತು ಕೇಳುತ್ತಾರೆ. ಮಹಡಿ ಮೇಲೆ ಬೆಂಕಿ ಹಾಕಲು ಜಾಗ ಇದೆಯಾ?

ಗುಬ್ಬಿಗೇಟ್:
ಮಹಡಿ ಮೇಲೆ ಬೇಡ. ಮನೆ ಹಿಂದೆ ಖಾಲಿ ಸೈಟ್ ಇದೆ. ಪಕ್ಕದ ಮನೆಯವರಿಗೆ ಹೇಳಿ ಒಪ್ಪಿಸಿದ್ದೇನೆ. ಅಲ್ಲೇ ಬಾರಿಸೋಣ, ಅಲ್ಲೇ ಬಟ್ಟೆ ಕಟ್ಟಿ ಸಿನಿಮಾ ಹಾಕೋಣ.

ಪಿಯುಸಿ ಹುಡುಗಿ:
ಹುಲ್ಲು ನಾವು ತರುತ್ತೇವೆ. ನಮ್ಮ ಮನೆಯಲ್ಲಿ ಹಸು ಇದೆ.

ಹಲಗೆ ಸದ್ದು:
ಒಣಗಿದ್ದು ತಗೊಂಡು ಬಾಮ್ಮ. ಹಸಿ ಇದ್ದರೆ ಬರೀ ಹೊಗೆ ಬರುತ್ತದೆ.